ಹತ್ತೊಂಬತ್ತು ದಿನದ ಕಾಂಪೌಂಡರ್

ಮಾರಗೊಂಡನಪಾಳ್ಯ
(ಯಲಹಂಕ ಅಂಚೆ)
9-11-1961

ಪ್ರಿಯ ಚನ್ನಕೇಶವ,

ಹೊಸ ವೇತನ ಶ್ರೇಣಿಯ ಆದೇಶ ಸೋಮವಾರ ಹೊರಬಿದ್ದಿದೆ. ಹೆಬ್ಬಾಳದಲ್ಲಿ ನಮ್ಮ ಇಲಾಖೆಯ ಗುಮಾಸ್ತರಾದ ಮುಜಫ್ಫರ್ ಸಾಹೇಬರು ನಿನ್ನೆ ಅದನ್ನು ನನಗೆ ಓದಿ ಹೇಳಿದರು. ಆರೋಗ್ಯ ಇಲಾಖೆಯ ಕಾಂಪೌಂಡರಿಗೆ ಎಂಬತ್ತು ರೂಪಾಯಿಯಿಂದ ಶುರು, ಪಶುವೈದ್ಯ ಇಲಾಖೆಯ ಕಾಂಪೌಂಡರಿಗೆ ಅರವತ್ತೈದರಿಂದ. ನಿನಗೆ ಆಗಲೇ ಗೊತ್ತಿರಬಹುದು. ನಿನಗೆ ಒಳ್ಳೆಯದಾಯಿತು, ಸಂತೋಷ.

ನಾನು ಸಾಹೇಬರನ್ನು ಕೇಳಿದೆ: ಇಬ್ಬರದೂ ಒಂದೇ ಪರೀಕ್ಷೆ, ಒಂದೇ ವರ್ಷ, ಕೂತಿದ್ದೂ ಒಂದೇ ಬೆಂಚು. ನಾಲ್ಕು ದಿನ ಮೊದಲು ದನದ ಇಲಾಖೆಯ ಕಾಗದ ಬಂತು ಅಂತ ನಾನು ಈ ಕಡೆ ಬಂದೆ, ಅಷ್ಟೇ ತಾನೆ? ಅವರು ಕನ್ನಡಕ ತೆಗೆದು ಒರೆಸಿಕೊಂಡರು. "ಅರೆ, ಆಂಜಿನಪ್ಪನೋರೆ, ಮನುಷ್ಯ ಆದ್ರೆ ಔಷಧಿ ಸರಿಯಿಲ್ಲ ಅಂತ ಅರ್ಜಿ ಹಾಕ್ತಾನೆ. ನಿಮ್ಮ ಎಮ್ಮೆ ಯಾವತ್ತಾದ್ರೂ ಅರ್ಜಿ ಹಾಕೈತಾ? ಅರ್ಜಿ ಹಾಕೋರಿಗೆ ಔಷಧಿ ಕೊಡೋನಿಗೆ ಸಂಬಳ ಜಾಸ್ತಿ ಕಣ್ರೀ" ಅಂದರು. ನಾನೂ ನಕ್ಕೆ. ಬಸ್ಸಿನಲ್ಲಿ ಬರುವಾಗ ನಗು ಬರಲಿಲ್ಲ.

ಇಲಾಖೆ ಇಲಾಖೆಗಳ ನಡುವಿನ ಇಂಥ ವ್ಯತ್ಯಾಸ ವಿಚಾರಿಸಲು ಒಂದು ಸಮಿತಿ ಮಾಡಿದ್ದಾರಂತೆ. ಡಿಸೆಂಬರ್ ಮುಗಿಯುವುದರೊಳಗೆ ಮನವಿ ಕೊಡಬೇಕು. ನಾನು ಕೊಡುತ್ತೇನೆ. ತೂಗುವುದು, ಅರೆಯುವುದು, ಕಲಸುವುದು, ಮುಲಾಮು ತಿಕ್ಕುವುದು, ದಾಸ್ತಾನು ಪುಸ್ತಕ ಬರೆಯುವುದು, ಎಲ್ಲ ಪಟ್ಟಿ ಮಾಡಿದ್ದೇನೆ. ನಿಮ್ಮ ಇಲಾಖೆಯ ಕಾಂಪೌಂಡರೊಬ್ಬರು 'ಎರಡೂ ಒಂದೇ ಕೆಲಸ' ಎಂದು ಬರೆದುಕೊಟ್ಟರೆ ಬಲ ಬರುತ್ತದೆ ಎಂದು ಸಾಹೇಬರ ಅಭಿಪ್ರಾಯ. ನೀನು ನಿಮ್ಮ ಸಂಘದ ಜಂಟಿ ಕಾರ್ಯದರ್ಶಿ. ನಾಲ್ಕು ಸಾಲು ಬರೆದು ಕಳಿಸು.

ನಿನಗೆ ವರ್ಗವಾದ ಮೇಲೆ ನಿನ್ನ ಜಾಗಕ್ಕೆ, ಎದುರಿನ ನಿನ್ನ ಮನೆಗೆ, ಬಂದಿರುವ ಕಾಂಪೌಂಡರ್ ನರಸಿಂಹಯ್ಯ ಒಳ್ಳೆಯ ಮನುಷ್ಯ. ಡಿಸ್ಪೆನ್ಸರಿ ಮುಚ್ಚಿದ ಮೇಲೆ ಬಾಗಿಲು ಹಾಕಿಕೊಳ್ಳುತ್ತಾನೆ. ಜಗಲಿಯ ಮೇಲೆ ನಾವು ಬರೆದುಕೊಂಡಿದ್ದ ಚೌಕಾಬಾರದ ಮನೆ ಮಳೆಗೆ ಅಳಿಸಿಹೋಗಿದೆ. ಮತ್ತೆ ಬರೆದಿಲ್ಲ. ಒಬ್ಬನೇ ಆಡುವ ಆಟವಲ್ಲ ಅದು.

ಕೃಷ್ಣಮ್ಮನವರಿಗೆ ನನ್ನ ನಮಸ್ಕಾರ ಹೇಳು.

ನಿನ್ನ
ಮುನಿಆಂಜಿನಪ್ಪ


ಯಶವಂತಪುರ
26-11-1961

ಪ್ರಿಯ ಆಂಜಿನಪ್ಪ,

ನಿನ್ನ ಪತ್ರ ಬಂದು ಹತ್ತು ದಿನವಾಯಿತು. ಇಲ್ಲಿ ಜನ ಹೆಚ್ಚು, ಬೆಳಿಗ್ಗೆ ಕೂತರೆ ಎರಡು ಗಂಟೆಗೆ ಏಳುವುದು. ಮನೆ ರೈಲು ಹಳಿಗೆ ಹತ್ತಿರ. ಮೊದಮೊದಲು ಕೃಷ್ಣಮ್ಮ ಗಾಡಿ ಹೋದಾಗಲೆಲ್ಲ ಸೀಸೆ ಹಿಡಿದುಕೊಳ್ಳುತ್ತಿದ್ದಳು, ಈಗ ಅಭ್ಯಾಸವಾಗಿದೆ. "ಅಣ್ಣ ಊಟಕ್ಕೇನು ಮಾಡ್ಕೋತಾರೆ ಕೇಳಿ ಬರೀರಿ" ಎಂದು ಪಕ್ಕದಲ್ಲೇ ನಿಂತು ಹೇಳುತ್ತಿದ್ದಾಳೆ. ಬರೆದಿದ್ದೇನೆ.

ನೀನು ಕೇಳಿದ ಕಾಗದದ ಬಗ್ಗೆ ಸಂಘದಲ್ಲಿ ಮಾತನಾಡಿ ನೋಡುತ್ತೇನೆ. ನಮ್ಮವರು ಈಗ ಬೇರೆ ಪದನಾಮ ಕೇಳುತ್ತಿದ್ದಾರೆ, ಇನ್ನೂ ಮೇಲಿನ ಶ್ರೇಣಿಯನ್ನೂ ಕೇಳುತ್ತಿದ್ದಾರೆ. ಈ ಹೊತ್ತಿನಲ್ಲಿ 'ದನದ ಕಾಂಪೌಂಡರೂ ನಾವೂ ಒಂದೇ' ಎಂದರೆ ಏನನ್ನುತ್ತಾರೋ ಹೇಳಲಾರೆ.

ಒಂದು ಮಾತು. ಐವತ್ತೇಳನೇ ಇಸವಿಯ ಜೂನ್ ತಿಂಗಳ ವಿಷಯ ನಿನ್ನ ಮನವಿಯಲ್ಲಿ ಬೇಡ. ಆಗ ನನಗೆ ಒಂದು ದಿನದ ರಜೆಯೂ ಉಳಿದಿರಲಿಲ್ಲ, ಅಷ್ಟು ವರ್ಷವಾದರೂ ಕೆಲಸ ಕಾಯಂ ಆಗಿರಲಿಲ್ಲ. ಜ್ವರದಲ್ಲಿ ಮಲಗಿದ್ದಲ್ಲೇ ಹಾಜರಿ ಪುಸ್ತಕ ತರಿಸಿ ಸಹಿ ಹಾಕಿದವನು ನಾನು. ಡಾಕ್ಟರು ತೀರಿಕೊಂಡಿದ್ದಾರೆ. ಆ ಸಹಿಯ ವಿಷಯ ಬಲ್ಲವರಲ್ಲಿ ಉಳಿದಿರುವುದು ನೀನು, ನಾನು. ಈ ಪತ್ರ ಓದಿ ಹರಿದುಹಾಕು.

ಇಂತಿ
ಚನ್ನಕೇಶವ


ಮಾರಗೊಂಡನಪಾಳ್ಯ
14-12-1961

ಪ್ರಿಯ ಚನ್ನಕೇಶವ,

ನಿನ್ನ ಪತ್ರ ಹರಿದುಹಾಕಿದ್ದೇನೆ. ಜೂನ್ ವಿಷಯ ಮನವಿಯಲ್ಲಿ ಇರುವುದಿಲ್ಲ.

ಆದರೆ ಒಂದು ಸಂಗತಿ ನಿನಗೆ ತಿಳಿದಿರಲಿ. ಮಂಗಳವಾರ ನರಸಿಂಹಯ್ಯ ಡಿಸ್ಪೆನ್ಸರಿಯ ಬೀರು ಖಾಲಿ ಮಾಡುತ್ತಿದ್ದ. ರಸ್ತೆಯಾಚೆಯಿಂದಲೇ ಕೂಗಿದ: "ಬನ್ರೀ ಇಲ್ಲಿ, ಒಂದು ತಮಾಷೆ ತೋರಿಸ್ತೀನಿ. ಯಾವನೋ ಪುಣ್ಯಾತ್ಮ ಮಕ್ಕಳಿಗೆ ಬಣ್ಣ ಬರ್ದವ್ನೆ!" ಹೋಗಿ ನೋಡಿದೆ. ಹೊರರೋಗಿಗಳ ರಿಜಿಸ್ಟರು, 1957ರ ಜನವರಿಯಿಂದ ಜೂನ್‌ವರೆಗಿನದು. ಜೂನ್ ಹತ್ತನೇ ತಾರೀಖು, ನನ್ನ ಅಕ್ಷರ: 'ಮಾಲೀಕರು ಹನುಮಯ್ಯ. ಹೆಣ್ಣು ಒಂದು. ಬಣ್ಣ ಎಣ್ಣೆಗಪ್ಪು. ನಾಲ್ಕು ವರ್ಷ. ಜ್ವರ, ಕೆಮ್ಮು.' ಅದರ ಕೆಳಗೆ: 'ಮಾಲೀಕರು ಇಲ್ಲ. ಮುನಿಗಂಗಮ್ಮ. ಬಾಯಿಗೂಡಿದೆ. ಜ್ವರ.'

ನೆನಪಿದೆಯೇ? ದನದ ರಿಜಿಸ್ಟರಿನಲ್ಲಿ ಮೊದಲು ಮಾಲೀಕರ ಹೆಸರು, ಆಮೇಲೆ ಬಣ್ಣ, ಆಮೇಲೆ ಹಲ್ಲು ನೋಡಿ ವಯಸ್ಸು; ಹಲ್ಲೆಲ್ಲ ಬಂದಿದ್ದರೆ 'ಬಾಯಿಗೂಡಿದೆ'. ಹದಿನಾಲ್ಕು ವರ್ಷದ ಕೈ, ಕೂತ ಕುರ್ಚಿ ಬೇರೆ ಎಂದು ಅದಕ್ಕೆ ಗೊತ್ತಾಗಲಿಲ್ಲ. ಮುನಿಗಂಗಮ್ಮನ ಬಾಯಿ ತೆರೆಸಿ ಹಲ್ಲನ್ನೂ ನೋಡಿಬಿಟ್ಟಿದ್ದೆ. ಆಕೆ ಸರತಿಯಲ್ಲಿದ್ದವರಿಗೆಲ್ಲ ಕೇಳುವಂತೆ, "ಏನಪ್ಪಾ, ನನ್ನ ಸಂತೆಗೆ ವೊಡ್ಕೊಂಡೋಗ್ತೀಯ? ಔಸ್ದಿ ಬಿದಿರ ಗೊಟ್ಟದಾಗೆ ಉಯ್ಬ್ಯಾಡ, ಲೋಟದಾಗೆ ಕೊಡು" ಅಂದಳು. ಡಾಕ್ಟರು ಎದ್ದು ಬಂದು ಪುಸ್ತಕ ನೋಡಿ, ಮೇಜಿಗೆ ಹಣೆ ಕೊಟ್ಟು ನಕ್ಕರು. ನಾಲ್ಕನೇ ನಮೂದಿನಿಂದ ಸರಿಯಾಗಿ ಬರೆದಿದ್ದೇನೆ.

ನರಸಿಂಹಯ್ಯನಿಗೆ ಅದು ಯಾರ ಅಕ್ಷರವೆಂದು ಗೊತ್ತಿಲ್ಲ. ನಾನು ಹೇಳಲಿಲ್ಲ. ಅವನು ಆಚೆ ಹೋದಾಗ ಒಂದೊಂದೇ ಪುಟ ತಿರುವಿದೆ. ಹತ್ತರಿಂದ ಇಪ್ಪತ್ತೆಂಟರವರೆಗೆ, ಹತ್ತೊಂಬತ್ತು ದಿನ, ಒಂಬೈನೂರ ಆರು ಜನ. ಊರಲ್ಲಿ ಮನೆಗಿಬ್ಬರು ಮಲಗಿದ್ದರು. ಬೆಳಕು ಹರಿಯುತ್ತಲೇ ನನ್ನ ದನಗಳನ್ನು ನೋಡಿ, ಕೈ ತೊಳೆದು, ಎಂಟೂವರೆಗೆ ನಿನ್ನ ಮೇಜಿಗೆ ಬರುತ್ತಿದ್ದೆ. ದನಕ್ಕೆ ಒಂದು ಸೀಸೆ ಎಂದರೆ ಒಂದೇ ಹೊತ್ತಿನ ಔಷಧಿ. ಮನುಷ್ಯರ ಸೀಸೆಗೆ ಹೊತ್ತಿಗಿಷ್ಟು ಎಂದು ಗುರುತಿನ ಕಾಗದ ಕತ್ತರಿಸಿ ಅಂಟಿಸಬೇಕು. ನೀನು ಮಲಗಿದ್ದಲ್ಲಿಂದಲೇ ಬೆರಳಲ್ಲಿ ಮಡಿಸಿ ತೋರಿಸಿದೆ. ಒಂದು ದಿನದಲ್ಲಿ ಕಲಿತೆ.

ಆ ದಿನಗಳಲ್ಲಿ ಯಾರಿಗೂ ಏನೂ ಹೆಚ್ಚುಕಡಿಮೆ ಆಗಲಿಲ್ಲ. ಆ ಹತ್ತೊಂಬತ್ತು ದಿನ ನನ್ನನ್ನು ಯಾರೂ ದನದ ಕಾಂಪೌಂಡರ್ ಎನ್ನಲೂ ಇಲ್ಲ. ಕಾಂಪೌಂಡ್ರೇ ಅನ್ನುತ್ತಿದ್ದರು, ಅಷ್ಟೆ.

ಅದನ್ನು ಬರೆಯುವುದಿಲ್ಲ. ನೀನು ನಾಲ್ಕು ಸಾಲು ಕಳಿಸು, ಸಾಕು. ಮೂವತ್ತನೇ ತಾರೀಖು ಕೊನೆ.

ನಿನ್ನ
ಮುನಿಆಂಜಿನಪ್ಪ


ಮಾರಗೊಂಡನಪಾಳ್ಯ
20-1-1962

ಪ್ರಿಯ ಚನ್ನಕೇಶವ,

ನಿನ್ನಿಂದ ಕಾಗದ ಬರಲಿಲ್ಲ. ಮನವಿಯನ್ನು ಡಿಸೆಂಬರ್ ಇಪ್ಪತ್ತೊಂಬತ್ತರಂದು ಕೊಟ್ಟೆ. ನಾಲ್ಕು ಸಾಲಿನ ಜಾಗ ಖಾಲಿ ಬಿಟ್ಟಿರಲಿಲ್ಲ, ಆದ್ದರಿಂದ ಯಾರಿಗೂ ಗೊತ್ತಾಗುವುದಿಲ್ಲ.

ಸಂಕ್ರಾಂತಿಗೆ ಅಲ್ಲಾಳಸಂದ್ರಕ್ಕೆ ಹೋಗಿದ್ದೆ. ನಮ್ಮಣ್ಣ ಮುನಿನಾರಾಯಣಪ್ಪ ಕೆರೆ ಕೆಳಗಿನ ಗದ್ದೆಯ ಬದುವಿನಲ್ಲಿ ನಿಲ್ಲಿಸಿಕೊಂಡು ಕೇಳಿದ: "ಸರ್ಕಾರಿ ಕೆಲಸ ಸರ್ಕಾರಿ ಕೆಲಸ ಅಂದೆ. ಈಗ ಸರ್ಕಾರವೇ ನೀನು ಅರ್ಧ ಮನ್ಸ ಅಂತ ಬರ್ದ್ಕೊಟ್ಟೈತಂತಲ್ಲೋ? ಬಂದು ನೇಗಿಲು ಇಡ್ಕೊ. ಇಲ್ಲಿ ಯಾವ ಎತ್ತೂ ನಿನ್ನ ಸ್ರೇಣಿ ಕೇಳಲ್ಲ." ಅತ್ತಿಗೆ ಅವನನ್ನು ಗದರಿಸಿ ಎಳ್ಳು ಬೆಲ್ಲ ಕಟ್ಟಿಕೊಟ್ಟರು. ನನ್ನವಳು ಯಲ್ಲಮ್ಮ ತೀರಿಹೋದ ಮೇಲೆ ಹಬ್ಬಕ್ಕೆ ಕಟ್ಟಿಕೊಡುವವರು ಅತ್ತಿಗೆಯೊಬ್ಬರೇ. ಅರ್ಧ ಪೊಟ್ಟಣವನ್ನು ನಿಮಗೆಂದು ಎತ್ತಿಟ್ಟಿದ್ದೆ. ಯಲಹಂಕದಿಂದ ಯಶವಂತಪುರಕ್ಕೆ ರೈಲಿನಲ್ಲಿ ಎಷ್ಟು ಹೊತ್ತು, ಅರ್ಧ ಗಂಟೆ. ಭಾನುವಾರ ಸ್ಟೇಷನ್‌ವರೆಗೂ ಹೋದೆ. ನೀನು ಬರೆಯದೇ ಇರುವಾಗ ಬರುವುದು ಸರಿಯೋ ಅಲ್ಲವೋ ತಿಳಿಯದೆ ತಿರುಗಿ ಬಂದೆ.

ಆರೋಗ್ಯವಾಗಿದ್ದೀಯ ಎಂದು ಒಂದು ಕಾರ್ಡು ಹಾಕು.

ನಿನ್ನ
ಮುನಿಆಂಜಿನಪ್ಪ


ಮಾರಗೊಂಡನಪಾಳ್ಯ
27-3-1962

ಚನ್ನಕೇಶವ ಅವರಿಗೆ,

ನನ್ನ ಮನವಿಗೆ ಬಂದಿರುವ ಆಕ್ಷೇಪಣೆಯ ನಕಲನ್ನು ಸಮಿತಿಯವರು ನನಗೆ ಕಳಿಸಿದ್ದಾರೆ. ಕಳಿಸಬೇಕೆಂದು ನಿಯಮವಂತೆ. ನಿಮ್ಮ ಸಂಘದ ಆಕ್ಷೇಪಣೆ. ಮೂರನೇ ಪ್ಯಾರಾ ಹೀಗಿದೆ:

'ದನದ ಔಷಧಿಯಲ್ಲಿ ತೂಕ ತಪ್ಪಿದರೆ ಆಗುವ ನಷ್ಟ ಮಾಲೀಕನದು. ಮನುಷ್ಯನ ಔಷಧಿಯಲ್ಲಿ ತಪ್ಪಿದರೆ ಹೋಗುವುದು ಜೀವ. ಪಶುವೈದ್ಯ ಇಲಾಖೆಯ ಕಾಂಪೌಂಡರುಗಳು ಮನುಷ್ಯರಿಗೆ ಕೊಡುವ ಪ್ರಮಾಣವನ್ನು ಎಂದೂ ಅಳೆದವರಲ್ಲ, ಅಳೆಯುವ ಅರ್ಹತೆಯೂ ಅವರಿಗಿಲ್ಲ.'

ಕೆಳಗೆ ಎರಡು ಸಹಿಗಳಿವೆ. ಎರಡನೆಯದು ಯಾರದೆಂದು ಹೆಸರು ಓದದೆಯೂ ಗೊತ್ತಾಯಿತು. ಆ ಸಹಿಯನ್ನು ಹಾಜರಿ ಪುಸ್ತಕದಲ್ಲಿ ಹತ್ತೊಂಬತ್ತು ಸಲ, ಶಾಯಿ ಆರುವವರೆಗೆ ಕೈಯಲ್ಲಿ ಹಿಡಿದುಕೊಂಡು ನಿಂತಿದ್ದವನು ನಾನು.

ಉತ್ತರ ಕೊಡಲು ನನಗೆ ಅವಕಾಶವಿದೆ. 'ನಿಮ್ಮ ಇಲಾಖೆಯ ನೌಕರನು ಆರೋಗ್ಯ ಇಲಾಖೆಯ ಕೆಲಸವನ್ನು ಮಾಡಿದ ಒಂದಾದರೂ ನಿದರ್ಶನವನ್ನು ದಾಖಲೆ ಸಮೇತ ಜೂನ್ 30ರೊಳಗೆ ಕೊಡತಕ್ಕದ್ದು, ಇಲ್ಲದಿದ್ದರೆ ಮನವಿಯನ್ನು ಮುಕ್ತಾಯ ಮಾಡಲಾಗುವುದು' ಎಂದು ಬರೆದಿದ್ದಾರೆ.

ನಿಮಗೆ ತಿಳಿಸಿದ್ದೇನೆ.

ಮುನಿಆಂಜಿನಪ್ಪ


ಯಶವಂತಪುರ
8-4-1962

ಆಂಜಿನಪ್ಪ,

ನೀನು ನನಗೆ 'ಅವರಿಗೆ' ಎಂದು ಬರೆದಿದ್ದೀಯ. ಬರೆಯಬಹುದು.

ಆ ಪ್ಯಾರಾ ನಾನು ಬರೆದದ್ದಲ್ಲ. ಸಂಘದವರು ಬರೆದು ತಂದರು, ಎಲ್ಲರೂ ಮೇಜಿನ ಸುತ್ತ ನಿಂತಿದ್ದರು. "ಏನ್ ಚನ್ನಕೇಶವ್, ಸಹಿಗೆ ಮುಹೂರ್ತ ನೋಡ್ಬೇಕಾ?" ಎಂದು ಒಬ್ಬ ನಕ್ಕ. ಹಾಕಿದೆ. ಹಿರಿಯ ಕಾಂಪೌಂಡರ್ ಹುದ್ದೆಗೆ ನನ್ನ ಹೆಸರು ಹೋಗಿದೆ. ಸೇವಾ ಪುಸ್ತಕ ಮೇಲಿನ ಕಚೇರಿಯಲ್ಲಿದೆ. ಈ ಸಮಯದಲ್ಲಿ ಜೂನ್ ತಿಂಗಳ ಹಾಜರಿ ಎತ್ತಿದರೆ ಹುದ್ದೆಯಷ್ಟೇ ಅಲ್ಲ, ಕೆಲಸವೇ ಉಳಿಯುವುದೋ ಇಲ್ಲವೋ. ಇದು ಕಾರಣ. ಸಮರ್ಥನೆ ಅಲ್ಲ.

ನಿನ್ನ ಪತ್ರವನ್ನು ಕೃಷ್ಣಮ್ಮ ಓದಿದಳು. ಓದಿ ಮಡಿಸಿಟ್ಟು, "ಆ ಜ್ವರದಲ್ಲಿ ನಂಗೂ ನಿಮಗೂ ಔಷಧಿ ಅಳೆದು ಕೊಟ್ಟೋರು ಯಾರ್ರೀ?" ಎಂದು ಕೇಳಿದಳು. ಅಂದಿನಿಂದ ಊಟಕ್ಕೆ ಬಡಿಸುತ್ತಾಳೆ, ಮಾತಿಲ್ಲ.

ಒಂದು ಕೇಳುತ್ತೇನೆ. ಆ ರಿಜಿಸ್ಟರ್ ಇನ್ನೂ ಇದೆಯೇ?

ಚನ್ನಕೇಶವ


ಮಾರಗೊಂಡನಪಾಳ್ಯ
3-6-1962

ಚನ್ನಕೇಶವ,

ಎರಡು ತಿಂಗಳು ಉತ್ತರಿಸಲಿಲ್ಲ. ನೀನು ಕೇಳಿದ್ದು ಯಾತಕ್ಕೆಂದು ಯೋಚಿಸುತ್ತಿದ್ದೆ. ಕೊನೆಗೂ ತಿಳಿಯಿತು ಅಂದುಕೊಂಡಿದ್ದೇನೆ.

ರಿಜಿಸ್ಟರ್ ಇದೆ. ಬೀರುವಿನ ಕೆಳಗಿನ ಅರೆಯಲ್ಲಿ, ಎಡಗಡೆ. ಜೂನ್ ಮೂವತ್ತಕ್ಕೆ ಐದು ವರ್ಷ ತುಂಬುತ್ತದೆ. ಐದು ವರ್ಷ ತುಂಬಿದ ಪುಸ್ತಕಗಳನ್ನು ಪಟ್ಟಿ ಮಾಡಿ ಅಂದೇ ಸುಡಬೇಕೆಂದು ನರಸಿಂಹಯ್ಯನಿಗೆ ಆದೇಶ ಬಂದಿದೆ. ಸುಡುವಾಗ ಬೇರೆ ಇಲಾಖೆಯ ನೌಕರನೊಬ್ಬ ಸಾಕ್ಷಿಯಾಗಿ ಸಹಿ ಹಾಕಬೇಕಂತೆ. ಈ ಊರಿನಲ್ಲಿ ಬೇರೆ ಇಲಾಖೆ ಎಂದರೆ ನಾನೊಬ್ಬನೇ. "ಎದುರಿಗೇ ಇದ್ದೀರಿ, ಒಂದು ಗೀಟು ಹಾಕಿ ಹೋಗ್ಬಿಡಿ" ಎಂದು ಕೇಳಿದ. ಆಗಲಿ ಎಂದಿದ್ದೇನೆ.

ಹಾಜರಿ ಪುಸ್ತಕದ ಬಗ್ಗೆ ಯಾರೂ ಕೇಳುವುದಿಲ್ಲ. ಅದರಲ್ಲಿ ನಿನ್ನ ಸಹಿ ಮಾತ್ರ ಇದೆ. ಎರಡನ್ನೂ ಪಕ್ಕಪಕ್ಕ ಇಟ್ಟರೆ ತಾನೆ ತೊಂದರೆ.

ನಿನಗೆ ಹುದ್ದೆ ಸಿಗಲಿ. ಕೃಷ್ಣಮ್ಮನವರಿಗೆ ಹೇಳು, ಊಟಕ್ಕೆ ಮುದ್ದೆ ಸಾರು, ಕೆಲವು ದಿನ ಬೆಳಗಿನದೇ.

ಮುನಿಆಂಜಿನಪ್ಪ


ಯಶವಂತಪುರ
29-6-1962, ಶುಕ್ರವಾರ

ಪ್ರಿಯ ಆಂಜಿನಪ್ಪ,

ನಿನ್ನೆ ಸಮಿತಿಯ ಕಚೇರಿಗೆ ಹೋಗಿ ಬರೆದುಕೊಟ್ಟಿದ್ದೇನೆ. 1957ರ ಜೂನ್ 10ರಿಂದ 28ರವರೆಗೆ ನಾನು ಜ್ವರದಿಂದ ಮಲಗಿದ್ದೆ, ಡಿಸ್ಪೆನ್ಸರಿಯ ಕೆಲಸವನ್ನೆಲ್ಲ ಪಶುವೈದ್ಯ ಇಲಾಖೆಯ ಕಾಂಪೌಂಡರ್ ಮುನಿಆಂಜಿನಪ್ಪ ಮಾಡಿದರು, ಹಾಜರಿಯ ಸಹಿ ಸುಳ್ಳು, ಆಕ್ಷೇಪಣೆಯ ಮೂರನೇ ಪ್ಯಾರಾ ಸುಳ್ಳು. ಅಲ್ಲಿನ ಅಧಿಕಾರಿ ಎರಡು ಸಲ ಓದಿದರು. "ಇದ್ರಿಂದ ನಿಮಗೇನಾಗುತ್ತೆ ಗೊತ್ತೇನ್ರೀ?" ಅಂದರು. ಗೊತ್ತು ಅಂದೆ. "ಬಾಯಿಮಾತು ಸಾಲಲ್ಲ, ದಾಖಲೆ ಇದೆಯಾ?" ಅಂದರು. ಇದೆ, ರಿಜಿಸ್ಟರಿದೆ, ಮೊದಲ ಮೂರು ನಮೂದು ನೋಡಿದರೆ ಯಾರಿಗೂ ಅನುಮಾನ ಉಳಿಯುವುದಿಲ್ಲ ಅಂದೆ. ತರಿಸುತ್ತೇವೆ ಎಂದು ಬರೆದುಕೊಂಡರು.

ರಿಜಿಸ್ಟರ್ ಇದೆಯೇ ಎಂದು ಏಪ್ರಿಲ್‌ನಲ್ಲಿ ಕೇಳಿದ್ದು ಇದಕ್ಕೇ. ನೀನು ಬೇರೆ ರೀತಿ ತಿಳಿದೆ ಎಂದು ನಿನ್ನ ಪತ್ರ ಓದಿದಾಗ ಗೊತ್ತಾಯಿತು. ಅಲ್ಲ ಎಂದು ಅಂದೇ ಬರೆಯಬೇಕಿತ್ತು. ಆದರೆ ನನಗೂ ಆಗ ನಿಶ್ಚಯವಿರಲಿಲ್ಲ. ಮೂರು ಸಲ ಬರೆದು ಹರಿದೆ. ಇಷ್ಟು ದಿನ ಹಿಡಿಯಿತು.

ನಾಳೆ ನೀನು ಸಹಿ ಹಾಕಬೇಡ. ಪುಸ್ತಕ ಸುಡಲು ಬಿಡಬೇಡ. ಈಗಲೇ ಟಪಾಲಿಗೆ ಹಾಕುತ್ತಿದ್ದೇನೆ, ಬೆಳಗಿನ ಬಟವಾಡೆಗೆ ಸಿಗುತ್ತದೆ ಎಂದು ಪೋಸ್ಟಿನವರು ಹೇಳಿದ್ದಾರೆ. ರೈಲು ಹತ್ತಿ ನಾನೇ ಬರಬಹುದಿತ್ತು. ಕೃಷ್ಣಮ್ಮನೂ ಅದನ್ನೇ ಹೇಳಿದಳು. ನಿನ್ನ ಎದುರಿಗೆ ನಿಂತು ಹೇಳಲು ಧೈರ್ಯ ಸಾಲಲಿಲ್ಲ. ಅದಕ್ಕೆ ಪತ್ರ.

ನಿನ್ನ
ಚನ್ನಕೇಶವ


ಮಾರಗೊಂಡನಪಾಳ್ಯ
5-7-1962

ಪ್ರಿಯ ಚನ್ನಕೇಶವ,

ರಿಜಿಸ್ಟರ್ ಶನಿವಾರ ಬೆಳಿಗ್ಗೆ ಹತ್ತೂವರೆಗೆ ಸುಟ್ಟಾಯಿತು. ನಿನ್ನ ಪತ್ರ ಸೋಮವಾರ ಮಧ್ಯಾಹ್ನ ಬಂತು. ಮೂರು ದಿನ ಅದನ್ನು ಅಂಗಿಯ ಜೇಬಿನಲ್ಲಿ ಇಟ್ಟುಕೊಂಡು ಓಡಾಡಿದೆ.

ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ, ವಿಚಾರಣೆಯಲ್ಲಿ ಇಬ್ಬರೂ ಒಂದೇ ಮಾತು ಹೇಳಬೇಕು. ಡಿಸ್ಪೆನ್ಸರಿಯ ಹಿಂದೆ, ಹುಣಸೆ ಮರದ ಪಕ್ಕ ಗುಂಡಿ ತೋಡಿದ್ದರು. ಪಟ್ಟಿಯಲ್ಲಿ ಒಟ್ಟು ಅರವತ್ತಮೂರು ಪುಸ್ತಕ. ನರಸಿಂಹಯ್ಯ ಹೆಸರು ಓದಿದ, ನಾನು ಪುಸ್ತಕ ನೋಡಿ ಹೂಂ ಎಂದೆ, ಜವಾನ ಹನುಮಯ್ಯ ಎಸೆದ. ನಮ್ಮದು ನಲವತ್ತೊಂದನೆಯದು. ಕೊಡು ಎಂದು ಕೈಗೆ ತೆಗೆದುಕೊಂಡೆ. ಒಂದು ಹಾಳೆ ಹರಿದು ಇಟ್ಟುಕೊಳ್ಳಬಹುದಿತ್ತು. ಅದು ಇದ್ದರೆ ನಿನಗೆ ಅಪಾಯವೆಂದು ನಾನು ತಿಳಿದಿದ್ದೆ. ಹತ್ತನೇ ತಾರೀಖಿನ ಪುಟ ಒಮ್ಮೆ ನೋಡಿ ಕೊಟ್ಟುಬಿಟ್ಟೆ. ಅದರಲ್ಲಿ 'ನಾಲ್ಕು ವರ್ಷ, ಎಣ್ಣೆಗಪ್ಪು' ಎಂದು ಬರೆದದ್ದು ಈ ಹನುಮಯ್ಯನ ಮಗಳನ್ನೇ. ಅವನಿಗೆ ಓದಲು ಬರುವುದಿಲ್ಲ.

ದಪ್ಪ ರಟ್ಟು ಬೇಗ ಹೊತ್ತಿಕೊಳ್ಳಲಿಲ್ಲ. ಅಷ್ಟರಲ್ಲಿ ಮುನಿಗಂಗಮ್ಮ ಬೇಲಿಯಾಚೆ ಬಂದು ನಿಂತಳು. "ಅಯ್ಯೋ, ಬಂಗಾರದಂತ ರಟ್ಟು ಸುಡ್ತೀರಲ್ರೋ! ಇತ್ಲಾಗೆ ಕೊಡ್ರಪ್ಪ, ಮೊಸರಿನ ಮಡಿಕೆ ಮುಚ್ಚಾಕಾಯ್ತದೆ." ಹನುಮಯ್ಯ ಕೋಲಿನಿಂದ ಒಂದು ರಟ್ಟನ್ನು ಎಳೆದು ಕೊಟ್ಟ. ಮೊನ್ನೆ ನಿನ್ನ ಪತ್ರ ಓದಿದ ಮೇಲೆ ಆಕೆಯ ಮನೆಗೆ ಹೋಗಿ ಆ ರಟ್ಟು ನೋಡಿದೆ. ಅದು ನಮ್ಮದಲ್ಲ, ಐವತ್ತೈದನೇ ಇಸವಿಯದು.

ಮುನಿಗಂಗಮ್ಮನಿಗೆ ವಿಷಯ ಹೇಳಿದೆ. ಆ ಜ್ವರದ ಔಷಧಿ ಯಾರು ಕೊಟ್ಟರೆಂದು ಕೇಳಿದರೆ ಹೇಳುತ್ತೀಯಾ ಎಂದೆ. "ಏಳ್ದೆ ಏನು? ನನ್ನ ಹಲ್ಲು ಎಣಿಸ್ದೋನು ನೀನೊಬ್ನೇ ಕಣಪ್ಪ, ನನ್ ಗಂಡನೂ ಎಣಿಸಿರ್ಲಿಲ್ಲ. ಈಗ ಎಣಿಸಾಕೆ ಒಂದೂ ಇಲ್ಲ" ಅಂದಳು. ಬರುತ್ತಾಳಂತೆ. ಹಳ್ಳಿಯ ಮುದುಕಿಯ ಬಾಯಿಮಾತನ್ನು ಸಮಿತಿಯವರು ದಾಖಲೆ ಎನ್ನುವುದಿಲ್ಲ, ನನಗೆ ಗೊತ್ತು. ಉಳಿದಿರುವ ದಾಖಲೆ ಆ ಪಟ್ಟಿ ಒಂದೇ. 'ಕ್ರಮಸಂಖ್ಯೆ 41. ಹೊರರೋಗಿಗಳ ರಿಜಿಸ್ಟರ್, ಜನವರಿ–ಜೂನ್ 1957. ನಾಶಪಡಿಸಲಾಗಿದೆ.' ಕೆಳಗೆ ಸಾಕ್ಷಿ ಎಂದು ನನ್ನ ಸಹಿ.

ನೀನು ಬರೆದುಕೊಟ್ಟದ್ದನ್ನು ವಾಪಸು ಪಡೆಯಲು ಆಗುತ್ತದೆಯೇ ಎಂದು ಮುಜಫ್ಫರ್ ಸಾಹೇಬರನ್ನು ಕೇಳಿದೆ. ಅವರು ಈ ಸಲ ತಮಾಷೆ ಮಾಡಲಿಲ್ಲ. "ಆಗಲ್ಲ, ಆಂಜಿನಪ್ಪನೋರೆ. ಇನ್ನು ನೀವಿಬ್ಬರೂ ಒಂದೇ ಕಡತದಲ್ಲಿದ್ದೀರಿ" ಅಂದರು.

ನೀನು ಬರೆದದ್ದು ತಪ್ಪು ಎಂದು ನಾನು ಹೇಳುವುದಿಲ್ಲ. ಆ ಪತ್ರ ಇನ್ನೂ ಜೇಬಿನಲ್ಲೇ ಇದೆ, ಇದನ್ನು ಹರಿದುಹಾಕಿಲ್ಲ.

ಸಮಿತಿಯ ನೋಟೀಸು ನಿನ್ನೆ ಬಂತು. ನಿನಗೂ ಬಂದಿರುತ್ತದೆ. ಇಬ್ಬರೂ ಖುದ್ದಾಗಿ ಹಾಜರಾಗಬೇಕು, ರಿಜಿಸ್ಟರನ್ನು ಹಾಜರುಪಡಿಸಬೇಕು ಎಂದಿದೆ. ನಾನು ಮುನಿಗಂಗಮ್ಮನನ್ನು ಕರೆದುಕೊಂಡು ಯಲಹಂಕದಿಂದ ಎಂಟು ಐವತ್ತರ ರೈಲಿಗೆ ಹೊರಡುತ್ತೇನೆ. ಯಶವಂತಪುರದಲ್ಲಿ ಅದು ಎರಡು ನಿಮಿಷ ನಿಲ್ಲುತ್ತದೆ. ಹಿಂದಿನಿಂದ ಎರಡನೇ ಡಬ್ಬಿಯಲ್ಲಿರುತ್ತೇವೆ.

ವಿಚಾರಣೆ ಜುಲೈ 16, ಸೋಮವಾರ, ಬೆಳಿಗ್ಗೆ ಹನ್ನೊಂದು ಗಂಟೆಗೆ.

ನಿನ್ನ
ಮುನಿಆಂಜಿನಪ್ಪ